ರಾಜಿಯ ಮಾತು

ತನಗೆ ಯಾರ ಮೇಲೂ ಸಿಟ್ಟಿಲ್ಲ ಎಂದು ಜಿಪಾರ್ ಬೆಳಗಿನಿಂದ ತನಗೇ ಹೇಳಿಕೊಳ್ಳುತ್ತಿದ್ದಳು. ಬಸ್ಸಿನಲ್ಲಿ ಹೇಳಿಕೊಂಡಳು, ಆಸ್ಪತ್ರೆಯ ಗೇಟಿನಿಂದ ತುರ್ತು ವಿಭಾಗದ ಬಾಗಿಲಿನವರೆಗೆ ಕರಗಿದ ಹಿಮದ ಕೆಸರಿನ ಮೇಲೆ ಹಾಸಿದ್ದ ಹಲಗೆಗಳನ್ನು ದಾಟುತ್ತ ಹೇಳಿಕೊಂಡಳು, ಬಿಳಿ ಕೋಟಿನ ಗುಂಡಿ ಹಾಕಿಕೊಳ್ಳುವಾಗಲೂ ಹೇಳಿಕೊಂಡಳು. ಮನೆಯಿಂದ ಹೊರಡುವ ಮುಂಚೆ ಮಗಳು ಬೆಗಾಯಿಮ್‌ಗೆ ಫೋನು ಮಾಡಿದ್ದಳು. ಹೇಗಿದ್ದೀಯ ಎಂದರೆ "ಚೆನ್ನಾಗಿದೀನಮ್ಮ" ಎಂದಿತ್ತು ಆ ಕಡೆಯ ಧ್ವನಿ. ಊಟ ಸೇರುತ್ತಾ ಎಂದರೆ "ಸೇರುತ್ತಮ್ಮ". ನಿದ್ದೆ ಬರುತ್ತಾ ಎಂದರೆ "ಬರುತ್ತಮ್ಮ". ಹಿಂದಿನಿಂದ ಇನ್ನೊಬ್ಬ ಹೆಂಗಸಿನ ಗಂಟಲು, ಮಗಳ ಅತ್ತೆಯದೆಂದು ಕೇಳಬೇಕಾಗಿರಲಿಲ್ಲ, "ಹಾಲು ಉಕ್ತಿದೆ, ಫೋನು ಆಮೇಲೆ" ಎಂದಿತು. ಮಗಳು "ಇಡ್ತೀನಮ್ಮ" ಎಂದು ಇಟ್ಟುಬಿಟ್ಟಳು. ಹಾಲು ಉಕ್ಕುವಾಗ ಯಾರಾದರೂ ಹೇಳಲೇಬೇಕು, ಅದರಲ್ಲಿ ತಪ್ಪು ಹುಡುಕುವಂಥದ್ದೇನೂ ಇಲ್ಲ. ಆದರೂ ಆ ಮಾತು ಹಲ್ಲಿನ ಸಂದಿಯಲ್ಲಿ ಸಿಕ್ಕಿಕೊಂಡ ಮಾಂಸದ ಎಳೆಯಂತೆ ಕೂತಿತ್ತು. ಬೇಡವೆಂದರೂ ನಾಲಿಗೆ ಅಲ್ಲಿಗೇ ಹೋಗುತ್ತಿತ್ತು. ಹಿಂದಿನ ವಾರವೆಲ್ಲ ಜೊತೆಯ ವೈದ್ಯನ ಪಾಳಿಯನ್ನೂ ಅವಳೇ ಮಾಡಿದ್ದಳು. ಕಣ್ಣಿನ ಒಳಗೆ ಮರಳು ಹಾಕಿದ ಹಾಗಿತ್ತು. ಈ ದಣಿವು ಎಷ್ಟು ಹಳೆಯದಾಗಿತ್ತೆಂದರೆ, ಅದು ಇಲ್ಲದಿದ್ದರೆ ತಾನು ಎಂಥ ಹೆಂಗಸಾಗಿರುತ್ತಿದ್ದೆ ಎಂಬುದೇ ಅವಳಿಗೆ ಮರೆತುಹೋಗಿತ್ತು.

ಮೊದಲು ಬಂದದ್ದು ಜ್ವರದ ಒಬ್ಬ ಕಾಲೇಜು ಹುಡುಗಿ. ಜೊತೆಯಲ್ಲಿ ಉಣ್ಣೆಯ ಬಿಳಿ ಟೋಪಿ ಹಾಕಿದ ಅವಳ ಸೋದರಮಾವ. ಹುಡುಗಿಯ ನಾಡಿ ನೂರ ಮೂವತ್ತರ ಮೇಲೆ ಹೊಡೆಯುತ್ತಿತ್ತು. ತುಟಿ ಒಣಗಿ ಸಿಪ್ಪೆ ಎದ್ದಿತ್ತು.

"ಎದೆ ನೋಡಿ ಡಾಕ್ಟ್ರೇ, ಕುದುರೆ ಓಡಿದ ಹಾಗೆ ಓಡ್ತಿದೆ. ಎದೆಗೇನಾದ್ರೂ ಚುಚ್ಚಿ" ಎಂದ ಸೋದರಮಾವ.

"ಎದೆಗೇನೂ ಆಗಿಲ್ಲ. ಜ್ವರ ಇದೆ, ಮೈಯಲ್ಲಿ ನೀರಿಲ್ಲ. ಹಾಗಿದ್ದಾಗ ಎದೆ ಓಡ್ಲೇಬೇಕು."

"ಓಡ್ಲಿ ಅಂತ ನೋಡ್ತಾ ಕೂರೋದಾ?"

"ನಾಯಿ ಅಟ್ಟಿಸ್ಕೊಂಡು ಬಂದಾಗ ಓಡೋನ ಕಾಲು ಕಟ್ಟಬಾರ್ದಣ್ಣ. ನಾಯಿನ ಓಡಿಸ್ಬೇಕು."

ಅವನಿಗೆ ಸಮಾಧಾನವಾಗಲಿಲ್ಲ. ನರ್ಸ್ ಜಾಂಗಿಲ್ ಡ್ರಿಪ್ ಹಾಕುತ್ತಿದ್ದಾಗ ಗೋಡೆಯ ಕಡೆ ತಿರುಗಿ, ಕೇಳಿಸಲೆಂದೇ, "ಕಲ್ಲಿನಂಥ ಹೆಂಗಸು" ಎಂದ. ಜಿಪಾರ್‌ಗೆ ಅದು ಹೊಸ ಮಾತಲ್ಲ. ಊರಿನವರು ಹಾಗೆಂದರೆ ಒಂದು ರೀತಿಯಲ್ಲಿ ಆರಾಮ. ಕಲ್ಲಿನ ಹತ್ತಿರ ಯಾರೂ ಹೆಚ್ಚು ಹೊತ್ತು ಅಳುವುದಿಲ್ಲ. ಓಡುವ ಎದೆಯನ್ನು ಕಂಡಾಗ ಮೊದಲು ಎದೆಯನ್ನು ನೋಡಬೇಡಿ, ಮನುಷ್ಯನನ್ನು ನೋಡಿ ಎಂದು ಹೊಸದಾಗಿ ಬರುವ ವೈದ್ಯರಿಗೆ ಅವಳೇ ಹೇಳಿಕೊಡುತ್ತಿದ್ದಳು. ಎಚ್ಚರವಿದೆಯೆ, ಬಿಪಿ ಇದೆಯೆ, ಎದೆ ನೋಯುತ್ತಿದೆಯೆ, ಉಸಿರು ಸಿಗುತ್ತಿದೆಯೆ? ಇವುಗಳಲ್ಲಿ ಒಂದು ಕೈಕೊಟ್ಟರೂ ಯೋಚಿಸುತ್ತ ನಿಲ್ಲಬೇಡಿ, ಷಾಕ್ ಕೊಡಿ. ಎಲ್ಲ ನೆಟ್ಟಗಿದ್ದರೆ ನಿಮಗೆ ಸಮಯವಿದೆ, ಕೂತು ಗೀಟುಗಳನ್ನು ಓದಿ: ಅಗಲವೋ ಕಿರಿದೋ, ಒಂದೇ ಸಮನೆಯೋ ಅಡ್ಡಾದಿಡ್ಡಿಯೋ. ಇದೆಲ್ಲ ಅವಳಿಗೆ ಬಾಯಿಪಾಠ. ಮನುಷ್ಯನನ್ನು ನೋಡಿ ಎನ್ನುವ ಮೊದಲ ಮಾತು ಮಾತ್ರ ಬರಬರುತ್ತ ಬಾಯಿಪಾಠಕ್ಕೆ ಸೇರಿಹೋಗಿ ಅರ್ಥ ಕಳೆದುಕೊಂಡಿತ್ತು.

ಹೊತ್ತು ಏರಿದ ಮೇಲೆ ಅಳಿಯ ತಿಲೆಕ್ ಬಾಗಿಲಲ್ಲಿ ಕಾಣಿಸಿಕೊಂಡ. ಅವನ ಹಿಂದೆ, ಜಾಂಗಿಲ್ ತಳ್ಳಿಕೊಂಡು ಹೋಗಿದ್ದ ಗಾಲಿಕುರ್ಚಿಯನ್ನು ಕೈಯಿಂದ ಸರಿಸಿ, ಮಖಮಲ್ಲಿನ ನಿಲುವಂಗಿ ತೊಟ್ಟು, ಕೆಂಪು ಹೂವಿನ ರೇಷ್ಮೆ ವಸ್ತ್ರವನ್ನು ತಲೆಗೆ ಬಿಗಿದು ನಡೆದುಕೊಂಡೇ ಬಂದವಳು ಅವನ ತಾಯಿ, ಜಿಪಾರಳ ಬೀಗಿತ್ತಿ ಬುರ್ಮಾಕಾನ್. ಮುಖ ಬೂದಿಯ ಬಣ್ಣಕ್ಕೆ ತಿರುಗಿತ್ತು. ಕತ್ತಿನ ಮಡಿಕೆಯಲ್ಲಿ ಏನೋ ಪಟಪಟ ಹೊಡೆದುಕೊಳ್ಳುವುದು ಬಾಗಿಲಿನಿಂದಲೇ ಕಾಣುತ್ತಿತ್ತು.

"ಬೇರೆ ಡಾಕ್ಟ್ರಿಲ್ವಾ?" ಎಂದಳು ಬುರ್ಮಾಕಾನ್, ಮಗನ ಕಡೆ ನೋಡಿ.

"ಇವತ್ತು ನಾನೇ ಇರೋದು, ಬೀಗ್ತಿ. ಬನ್ನಿ, ಕೂತ್ಕೊಳ್ಳಿ. ಯಾವಾಗಿಂದ?"

"ಬೆಳಿಗ್ಗೆ ಹಾಲು ಇಳಿಸೋಕೆ ಬಗ್ಗಿದೆ. ಟಕ್ ಅಂತ ಶುರುವಾಯ್ತು. ಯಾರೋ ಸ್ವಿಚ್ ಹಾಕಿದ ಹಾಗೆ."

ಟಕ್ಕೆಂದು ಶುರುವಾದದ್ದು ಟಕ್ಕೆಂದೇ ನಿಲ್ಲುತ್ತದೆ. ಜ್ವರದ ಹುಡುಗಿಯ ಎದೆಯ ಹಾಗೆ ಏರಿ ಇಳಿಯುವುದಲ್ಲ ಇದು. ಜಿಪಾರ್ ಬೀಗಿತ್ತಿಯ ಮಣಿಕಟ್ಟನ್ನು ಹಿಡಿದಳು. ಬೆರಳಿನ ಕೆಳಗೆ ನಾಡಿ ಎಣಿಸಲಾಗದಷ್ಟು ತೆಳ್ಳಗೆ, ಮುಷ್ಟಿಯಲ್ಲಿ ಹಿಡಿದ ಗುಬ್ಬಿಯಂತೆ ನಡುಗುತ್ತಿತ್ತು. ಈ ಕೈಯನ್ನು ಇಷ್ಟು ಹೊತ್ತು ಹಿಡಿದದ್ದೇ ಇಲ್ಲ ಎನ್ನಿಸಿತು. ಬೀಗರೂಟದ ದಿನ ತುದಿಬೆರಳನ್ನಷ್ಟೇ ಮುಟ್ಟಿ ಕೆನ್ನೆಗೆ ಕೆನ್ನೆ ತಾಗಿಸದೆ ಗಾಳಿಗೆ ಮುತ್ತು ಕೊಟ್ಟಿದ್ದವಳ ಕೈಯಿದು. ಆ ದಿನ ಬೆಟ್ಟದ ರಸ್ತೆಯಲ್ಲಿ ಬಸ್ಸು ಉರುಳಿ, ಜಿಪಾರ್ ಗಾಯದವರನ್ನೆಲ್ಲ ನೋಡಿ ಮುಗಿಸಿ ಹೋಗುವಷ್ಟರಲ್ಲಿ ದಸ್ತರಖಾನ್ ಎಂಬ ಊಟದ ಹಾಸಿನ ಸುತ್ತ ಎಲ್ಲರೂ ಕೂತಾಗಿತ್ತು, ಹುಡುಗಿಯ ತಾಯಿಗೆಂದು ಎತ್ತಿಡಬೇಕಾದ ಕುರಿಯ ಸೊಂಟದ ಮಾಂಸ ಇನ್ಯಾರದೋ ತಟ್ಟೆಗೆ ಹೋಗಿತ್ತು, ಅವಳ ಮುಂದೆ ಬಂದದ್ದು ಒಂದು ಮೊಣಕಾಲು ಮೂಳೆ. "ನಮ್ಮ ಬೀಗ್ತಿಗೆ ಸಾಯೋರ ಜೊತೆ ಕೂತು ಕೂತು ಬದುಕಿರೋರ ಜೊತೆ ಕೂರೋದು ಮರೆತೋಗಿದೆ" ಎಂದಿದ್ದಳು ಬುರ್ಮಾಕಾನ್. ಎಲ್ಲರೂ ನಕ್ಕಿದ್ದರು. ಜಿಪಾರಳೂ ನಕ್ಕಿದ್ದಳು, ಮೂಳೆಯನ್ನು ಕೈಯಲ್ಲಿ ಹಿಡಿದುಕೊಂಡು. ತನ್ನ ಉಗುರಿನ ಸಂದಿಯಲ್ಲಿ ಇನ್ನೂ ಅಯೋಡಿನ್ನಿನ ಹಳದಿ ಇದ್ದದ್ದನ್ನು ಆಗ ನೋಡಿಕೊಂಡಿದ್ದಳು.

"ತಲೆ ತಿರುಗುತ್ತಾ? ಎದೆ ನೋವು?"

"ನೋವಿಲ್ಲ. ಗಂಟಲಲ್ಲಿ ಹೊಡ್ಕೊಳ್ತಿದೆ."

"ದಮ್ಮು, ಆಸ್ತಮಾ ಏನಾದ್ರೂ ಇತ್ತಾ ಯಾವಾಗಾದ್ರೂ?"

"ನಮ್ಮ ಮನೆತನದಲ್ಲಿ ಕಾಯಿಲೆ ಅನ್ನೋದೇ ಇಲ್ಲ."

ಬಿಪಿ ಸಾಕಷ್ಟಿತ್ತು. ಸಮಯವಿತ್ತು. ತಿಲೆಕ್‌ನನ್ನು ಹೊರಗೆ ಕಳಿಸಿ ಜಾಂಗಿಲ್ ಪರದೆ ಎಳೆದಳು. ನಿಲುವಂಗಿಯ ಕೆಳಗೆ ಉಣ್ಣೆಯ ಅಂಗಿ, ಅದರ ಕೆಳಗೆ ಇನ್ನೊಂದು, ಅದರ ಕೆಳಗೆ ಒಗೆದು ಒಗೆದು ಬಣ್ಣ ಹೋದ ಒಳ ಅಂಗಿ. ಒಂದೊಂದನ್ನು ಬಿಚ್ಚುವಾಗಲೂ ಬುರ್ಮಾಕಾನ್ ಮುಖವನ್ನು ಕಿಟಕಿಯ ಕಡೆಗೇ ಇಟ್ಟುಕೊಂಡಿದ್ದಳು. ಇಸಿಜಿ ಕಾಗದ ಗರಗರ ಹೊರಬಂತು: ಕಿರಿದಾದ ಗೀಟುಗಳು, ಒಂದೇ ಸಮನೆ, ನೂರ ತೊಂಬತ್ತರ ಹತ್ತಿರ, ಹೊಲಿಗೆ ಯಂತ್ರದಲ್ಲಿ ಹಾಕಿದ ಹೊಲಿಗೆಯಂತೆ ನೆಟ್ಟಗೆ. ಕೆಟ್ಟದ್ದಲ್ಲ. ಎದೆಯೊಳಗೆ ಎಲ್ಲೋ ಒಂದು ಅಡ್ಡದಾರಿ, ಮಿಂಚು ಅದರಲ್ಲಿ ಗಾಣದೆತ್ತಿನಂತೆ ಸುತ್ತುತ್ತಿದೆ, ಅದನ್ನು ಒಂದು ಸಲ ತಡೆದು ನಿಲ್ಲಿಸಿದರೆ ಸಾಕು. ಜಿಪಾರ್‌ಗೆ ಸಮಾಧಾನವಾಯಿತು, ಜೊತೆಗೆ, ಇದು ಅಷ್ಟೇನೂ ಕೆಟ್ಟದ್ದಲ್ಲ ಎನ್ನುವುದರಲ್ಲಿ ಸಣ್ಣದೊಂದು ನಿರಾಸೆಯೂ ಆಯಿತೇ ಎಂದು ತನ್ನನ್ನೇ ಅನುಮಾನದಿಂದ ನೋಡಿಕೊಂಡಳು.

ಮೊದಲು ಔಷಧವಿಲ್ಲದೆ ಪ್ರಯತ್ನಿಸಬೇಕು. ಸಿರಿಂಜಿನ ತುದಿಗೆ ಬಾಯಿಟ್ಟು, ಒಳಗಿನ ಕಡ್ಡಿ ಸರಿಯುವಷ್ಟು ಬಲವಾಗಿ ಊದುತ್ತಿರಬೇಕು; ನಿಲ್ಲಿಸಿದ ತಕ್ಷಣ ರೋಗಿಯನ್ನು ಅಂಗಾತ ಮಲಗಿಸಿ ಎರಡೂ ಕಾಲುಗಳನ್ನು ಮೇಲೆತ್ತಿ ಹಿಡಿಯಬೇಕು. ಜಿಪಾರ್ ವಿವರಿಸಿದಳು. ಬುರ್ಮಾಕಾನ್ ಪ್ಲಾಸ್ಟಿಕ್ಕಿನ ಸಿರಿಂಜನ್ನು ತಿರುಗಿಸಿ ನೋಡಿದಳು.

"ಇದನ್ನ ಊದೋದಾ? ಪೀಪಿ ಊದೋ ವಯಸ್ಸಾ ನಂದು?"

"ಮಲಬದ್ಧತೆ ಆದಾಗ ತಿಣುಕ್ತೀವಲ್ಲ, ಹಾಗೆ ಅಂದ್ಕೊಳ್ಳಿ ಅಮ್ಮಾ" ಎಂದಳು ಜಾಂಗಿಲ್. ಅವಳಿಗೆ ಇಂಥ ಮಾತು ಯಾವತ್ತೂ ಸಲೀಸು.

ಬುರ್ಮಾಕಾನ್ ಕೆನ್ನೆಯಲ್ಲಷ್ಟೇ ಗಾಳಿ ತುಂಬಿಕೊಂಡು ಊದಿದಳು. ಕಡ್ಡಿ ಮಿಸುಕಲಿಲ್ಲ. ಮಲಗಿಸಿ ಕಾಲೆತ್ತಲು ಜಾಂಗಿಲ್ ಹೋದರೆ ಪಾವಡೆಯನ್ನು ಎರಡೂ ಕೈಯಿಂದ ಮೊಣಕಾಲಿಗೆ ಒತ್ತಿ ಹಿಡಿದುಕೊಂಡು, "ಅವರೆದುರಿಗೆ ಬೇಡ" ಎಂದಳು. ಅವರೆಂದರೆ ಯಾರೆಂದು ಜಾಂಗಿಲ್‌ಗೂ ಗೊತ್ತಾಯಿತು. ಮಾನಿಟರ್‌ನಲ್ಲಿ ಹೊಲಿಗೆ ಒಂದೇ ಸಮ ಸಾಗುತ್ತಿತ್ತು. ಇನ್ನೊಮ್ಮೆ ಹೇಳಬೇಕಿತ್ತು, ಒತ್ತಾಯಿಸಬೇಕಿತ್ತು, ಬೇಕಾದರೆ ತಾನು ಪರದೆಯ ಆಚೆ ನಿಂತು ಜಾಂಗಿಲ್‌ಗೆ ಬಿಡಬೇಕಿತ್ತು. ಆದರೆ "ಅವರೆದುರಿಗೆ ಬೇಡ" ಎಂಬ ಮಾತು ಕಿವಿಗೆ ಬಿದ್ದ ಕ್ಷಣದಲ್ಲಿ ಜಿಪಾರಳ ಬಾಯಿ ತಾನಾಗಿಯೇ ಮುಚ್ಚಿಕೊಂಡಿತು. ಜನವರಿಯಲ್ಲಿ ಇದೇ ಆಸ್ಪತ್ರೆಯ ಮೇಲಿನ ಮಹಡಿಯಲ್ಲಿ ಬೆಗಾಯಿಮ್ ಗೋಡೆಗೆ ಮುಖ ಮಾಡಿ ಮಲಗಿದ್ದಳು. ಕೊಳಾಯಿ ಹೆಪ್ಪುಗಟ್ಟಿದ್ದ ವಾರ ಬೀದಿಯ ಬೋರ್‌ವೆಲ್ಲಿನಿಂದ ನೀರು ಹೊತ್ತಿದ್ದಳು, ಬಸಿರು ನಿಲ್ಲಲಿಲ್ಲ. ನೀರು ಹೊತ್ತದ್ದರಿಂದಲೇ ಹೋಯಿತೆಂದು ವೈದ್ಯೆಯಾಗಿ ಜಿಪಾರ್ ಹೇಳಲಾರಳು, ಬಹಳಷ್ಟು ಸಲ ಕಾರಣವೇ ಇಲ್ಲದೆ ಹೋಗುತ್ತದೆ. ಹೊರಗೆ ಮೊಗಸಾಲೆಯಲ್ಲಿ ಬುರ್ಮಾಕಾನ್ ಬಂಧುಗಳಿಗೆ ಹೇಳುತ್ತಿದ್ದಳು: "ನಮ್ಮನೇಲಿ ಎಲ್ರೂ ನೀರು ಹೊತ್ಕೊಂಡೇ ಹೆತ್ತಿರೋದು." ಆ ಮಾತು ಕೇಳಿಸಿಕೊಂಡು ಜಿಪಾರ್ ಕೆಳಗಿಳಿದು ಬಂದು ಮುಂದಿನ ರೋಗಿಯನ್ನು ನೋಡಿದ್ದಳು. ಏನಾದರೂ ಅಂದುಬಿಟ್ಟರೂ ಮಗಳು ಅದೇ ಮನೆಗೆ ಹಿಂತಿರುಗಬೇಕಿತ್ತು.

"ಅಡೆನೊಸಿನ್ ತಗೋ" ಎಂದಳು ಜಾಂಗಿಲ್‌ಗೆ.

ಮೊಣಕೈಯ ಮಡಿಕೆಯಲ್ಲಿ ದಪ್ಪನೆಯ ನರಕ್ಕೆ ಸೂಜಿ ಹಾಕಿದರು. ಔಷಧ ಒಂದೇ ತಳ್ಳಿಗೆ ಹೋಗಬೇಕು, ಅದರ ಬೆನ್ನಿಗೇ ಸೆಲೈನ್. ತಡವಾದರೆ ದಾರಿಯಲ್ಲೇ ಕರಗಿಹೋಗುತ್ತದೆ. ಎದೆಯನ್ನು ಅದು ಕೆಲವು ಕ್ಷಣ ಪೂರ್ತಿ ನಿಲ್ಲಿಸಿಬಿಡುತ್ತದೆ. ಅದಕ್ಕೇ ತಳ್ಳುವ ಮುಂಚೆ ಜಿಪಾರ್ ಪ್ರತಿಯೊಬ್ಬರ ಮುಖದ ಹತ್ತಿರ ಬಗ್ಗಿ ಹೇಳುತ್ತಿದ್ದಳು: ಈಗ ಒಂದು ಕ್ಷಣ ಸತ್ತೇಹೋದೆ ಅನ್ನಿಸುತ್ತೆ, ಹೆದರಬೇಡಿ, ನಾನಿಲ್ಲೇ ಇದೀನಿ, ವಾಪಸ್ ಬರ್ತೀರಿ. ಕುರಿ ಕಾಯುವವರಿಗೆ ಹೇಳಿದ್ದಳು, ಕುಡಿದು ಬಂದ ಲಾರಿ ಚಾಲಕನಿಗೆ ಹೇಳಿದ್ದಳು, ಕಿವಿ ಕೇಳದ ಮುದುಕಿಗೆ ಕೂಗಿ ಹೇಳಿದ್ದಳು. ಜಾಂಗಿಲ್ ಎರಡೂ ಸಿರಿಂಜು ಹಿಡಿದು ಆ ಮಾತಿಗಾಗಿ ಕಾದಳು. ಜಿಪಾರ್ ತಲೆಯಾಡಿಸಿದಳು. "ತಳ್ಳು."

ಹೊಲಿಗೆ ಒಮ್ಮೆ ತಡವರಿಸಿತು. ಆಮೇಲೆ ನೂಲು ಹರಿದುಹೋಯಿತು. ಮಾನಿಟರ್ ಮೇಲೆ ಬರೀ ಗೆರೆ. ಬುರ್ಮಾಕಾನ್‌ಳ ಮುಖಕ್ಕೆ ರಕ್ತ ನುಗ್ಗಿತು, ಕಣ್ಣು ಅಗಲವಾಯಿತು, ಆಕೆಯ ಕೈ ಗಾಳಿಯಲ್ಲಿ ಹುಡುಕಾಡಿ ಜಿಪಾರಳ ಕೋಟಿನ ತೋಳನ್ನು ಹಿಡಿಯಿತು.

"ಹೋಗ್ತಿದೀನಿ... ಬೀಗ್ತಿ... ಮಗೂ ವಿಷಯ... ನನ್ ಮೇಲೆ ರಾಜಿಯಾಗಿ..."

ಆ ನಾಡಿನಲ್ಲಿ ಸಾಯುವವರು ಕೇಳುವ ಮಾತದು. ಕೇಳಿದ ಮೇಲೆ ಉಳಿಯುವವರು ರಾಜಿ, ಅಂದರೆ ಮನಸ್ಸಿನಲ್ಲಿ ಏನನ್ನೂ ಉಳಿಸಿಕೊಳ್ಳದೆ ಮನ್ನಿಸಿದೆ, ಎನ್ನಲೇಬೇಕು. ಎಂಥ ಹಗೆಯಿದ್ದರೂ, ಕೊಲೆಗಾರನೇ ಕೇಳಿದರೂ ಅನ್ನುತ್ತಾರೆ. ಅನ್ನದೆ ಬಿಟ್ಟರೆ ಹೋಗುವವರು ಆ ಭಾರವನ್ನು ಹೊತ್ತುಕೊಂಡೇ ಹೋಗಬೇಕು. ಜಿಪಾರಳ ತಾಯಿ ಕೇಳಿದ್ದಳು, ಗಂಡ ಕೇಳಿದ್ದ, ಇದೇ ಮಂಚದ ಮೇಲೆ ಗುರುತಿಲ್ಲದ ಎಷ್ಟೋ ಜನ, ಬೇರೆ ಯಾರೂ ಹತ್ತಿರವಿಲ್ಲದ್ದರಿಂದ ಅವಳನ್ನೇ ಕೇಳಿದ್ದರು, ಅವಳು ಅಂದಿದ್ದಳು. ಒಂದೇ ಪದ. ಬುರ್ಮಾಕಾನ್ ಸಾಯುತ್ತಿಲ್ಲ ಎಂದು ಆ ಕೋಣೆಯಲ್ಲಿ ಆಕೆಯೊಬ್ಬಳನ್ನು ಬಿಟ್ಟು ಎಲ್ಲರಿಗೂ ಗೊತ್ತಿತ್ತು. ಜಿಪಾರ್ ಮಾನಿಟರ್ ನೋಡುತ್ತ ನಿಂತಳು. ನೋಡಬೇಕಾದದ್ದು ಅದನ್ನೇ, ಪುಸ್ತಕದಲ್ಲೂ ಹಾಗೇ ಇದೆ. ಗೆರೆ ಉದ್ದವಾಯಿತು. ಆಮೇಲೆ ಒಂದು ಗೀಟು ಎದ್ದಿತು, ತಡೆದು ಇನ್ನೊಂದು, ಆಮೇಲೆ ಎಂಬತ್ತರಲ್ಲಿ, ಏನೂ ಆಗಿಲ್ಲವೆಂಬಂತೆ, ಸಾದಾ ಎದೆಬಡಿತ. ತೋಳು ಹಿಡಿದ ಕೈ ಸಡಿಲವಾಗಿ ಹಾಸಿಗೆಗೆ ಬಿತ್ತು.

"ಆಯ್ತು, ಸರಿಹೋಯ್ತು" ಎಂದಳು ಜಿಪಾರ್. ಅವಳ ಧ್ವನಿ ಅವಳಿಗೇ ದಫ್ತರಿನ ಗುಮಾಸ್ತೆಯ ಧ್ವನಿಯಂತೆ ಕೇಳಿಸಿತು.

ಬುರ್ಮಾಕಾನ್‌ಳ ಹಣೆಯ ಬೆವರನ್ನು ಜಾಂಗಿಲ್ ಒರೆಸಿದಳು. ರೇಷ್ಮೆ ವಸ್ತ್ರ ಜಾರಿ, ಮೆಹಂದಿ ಹಚ್ಚಿದ ಕೂದಲಿನ ಬುಡದಲ್ಲಿ ಬೆಳ್ಳಗಿನ ಗೆರೆ ಕಾಣುತ್ತಿತ್ತು. ತಿಲೆಕ್ ಒಳಗೆ ಬಂದು ಮಾನಿಟರ್‌ನ ಸಂಖ್ಯೆಯನ್ನು ನೋಡಿ, ಅತ್ತೆಯ ಎರಡೂ ಕೈಗಳನ್ನು ಹಿಡಿದುಕೊಂಡ. "ನಿಮ್ಮ ಕೈಗೆ ಸಾವಿಲ್ಲದಿರ್ಲಿ ಅತ್ತೇ. ನೀವಿಲ್ದಿದ್ರೆ ಇವತ್ತು ಏನಾಗ್ತಿತ್ತೋ." ಒಳ್ಳೆಯ ಹುಡುಗ. ತಾಯಿಯೆದುರು ಬಾಯಿ ತೆಗೆಯದ ಒಳ್ಳೆಯ ಹುಡುಗ. "ಬೆಗಾಯಿಮ್‌ಗೆ ಫೋನು ಮಾಡ್ಲಾ?" ಎಂದ. ಮಾಡು ಎಂದಳು. ಅವನು ಹೊರಗೆ ನಿಂತು ಜೋರಾಗಿ ಹೇಳುವುದು ಕೇಳಿಸುತ್ತಿತ್ತು: ನಿಮ್ಮಮ್ಮ ಸಾವಿನ ಬಾಯಿಂದ ಎಳ್ಕೊಂಡು ಬಂದ್ರು.

ಕೈ ತೊಳೆಯುವ ಬೇಸಿನ್ನಿನ ಹತ್ತಿರ ಜಿಪಾರ್ ಬಹಳ ಹೊತ್ತು ನಿಂತಳು. ನೀರು ಹಿಮದಷ್ಟೇ ತಣ್ಣಗಿತ್ತು. ಮರೆತೆನೆ? ವಾರವಿಡೀ ನಿದ್ದೆಯಿಲ್ಲ, ಮರೆಯಬಹುದು. ಆದರೆ ಮರೆತವರಿಗೆ ಮರೆತದ್ದು ಆಮೇಲೆ ನೆನಪಾಗುತ್ತದೆ. ಅವಳಿಗಾದರೋ ತಲೆಯಾಡಿಸುವ ಆ ಕ್ಷಣದಲ್ಲಿ ಹೇಳಬೇಕಾದ ಮಾತು ತುಟಿಯ ಹಿಂದೆಯೇ ಇತ್ತು, ಅದರ ಬಿಸಿ ಈಗಲೂ ಇತ್ತು. ಅದನ್ನು ನುಂಗಿದವರು ಯಾರು? ಔಷಧ ಸರಿಯಾದದ್ದೇ. ಅಳತೆ ಸರಿಯಾದದ್ದೇ. ನಿಧಾನವಾಗಿ ಇಳಿಸುವ ಬೇರೆ ಔಷಧವಿತ್ತು ನಿಜ, ಆದರೆ ಮೊದಲು ಕೊಡಬೇಕಾದದ್ದು ಇದೇ. ಯಾರು ಬಂದು ವಿಚಾರಿಸಿದರೂ ಪುಸ್ತಕ ಅವಳ ಪರವಾಗಿತ್ತು. ಒಬ್ಬ ಹೆಂಗಸನ್ನು ಕೆಲವು ಕ್ಷಣ ಸಾಯಿಸಿ ನೋಡಿದೆ, ಯಾವ ನಿಯಮವನ್ನೂ ಮುರಿಯದೆ. ಆ ಕೆಲವು ಕ್ಷಣದಲ್ಲಿ ಆಕೆ ಕೇಳಿದ್ದು ನೀರಲ್ಲ, ಮಗನಲ್ಲ. ಮಗುವಿನ ವಿಷಯ. ಇಷ್ಟು ದಿನ ಆಕೆಯ ಎದೆಯಲ್ಲಿ ಅದು ಇತ್ತು ಎನ್ನುವುದೇ ಜಿಪಾರ್‌ಗೆ ಹೊಸ ಸುದ್ದಿ. ಆ ಸುದ್ದಿಯಿಂದ ಮನಸ್ಸು ಹಗುರವಾಗಬೇಕಿತ್ತು. ಬದಲಿಗೆ, ಬೇರೆಯವರ ಪೆಟ್ಟಿಗೆಯನ್ನು ಕೀಲಿ ಮುರಿದು ತೆಗೆದು ನೋಡಿದ ಹಾಗಾಗಿತ್ತು.

ಜಾಂಗಿಲ್ ಟವೆಲ್ ಹಿಡಿದು ನಿಂತಿದ್ದಳು. "ಎಜೆ," ಎಂದಳು, ಅಕ್ಕ ಎನ್ನುವ ಅವರ ಮಾತಿನಲ್ಲಿ, "ಇವತ್ತು ನೀವು ಹೇಳ್ಲಿಲ್ಲ."

"ಏನು?"

"ಅದೇ. ಹೆದರಬೇಡಿ, ವಾಪಸ್ ಬರ್ತೀರಿ ಅಂತ."

"ಹೇಳ್ದೆ ಅಂದ್ಕೊಂಡೆ."

ಜಾಂಗಿಲ್ ಟವೆಲ್ಲನ್ನು ಕೊಟ್ಟಳು. "ತುಂಬ ದಣಿದಿದೀರಿ. ಚಹಾ ಹಾಕ್ತೀನಿ" ಎಂದು ಹೋದಳು. ಆ ದಯೆ ಕಪಾಳಕ್ಕೆ ಬಿಗಿದಂತಿತ್ತು. ಸುಳ್ಳು ಎಷ್ಟು ಸಲೀಸಾಗಿ ಬಂತು, ದಣಿವು ಎಷ್ಟು ಒಳ್ಳೆಯ ಹೊದಿಕೆ ಎಂದು ಜಿಪಾರ್ ಯೋಚಿಸಿದಳು. ಏನನ್ನು ಬೇಕಾದರೂ ಅದರ ಕೆಳಗೆ ತಳ್ಳಬಹುದು, ಹೊರಗಿನಿಂದ ನೋಡುವವರಿಗೆ ಉಬ್ಬು ಕೂಡ ಕಾಣುವುದಿಲ್ಲ. ಜೇಬಿನಲ್ಲಿ ಫೋನು ನಡುಗಿತು. ಬೆಗಾಯಿಮ್. "ಅಮ್ಮಾ, ಅತ್ತೆ ನನ್ ಜೊತೆ ಮಾತಾಡಿದ್ರು. ತಿಲೆಕ್ ಫೋನಿಂದ. ನಿನ್ನಮ್ಮನಂಥವರು ಇಲ್ಲ ಮಗಳೇ ಅಂದ್ರು. ಮಗಳೇ ಅಂದ್ರಮ್ಮ." ಆ ಕಡೆ ಮಗಳು ಅಳುತ್ತಿದ್ದಳು, ಮದುವೆಯಾದ ಮೇಲೆ ಮೊದಲ ಸಲ ಅಳುವೆಂದು ಗೊತ್ತಾಗುವಂತೆ ಅಳುತ್ತಿದ್ದಳು. "ಏನ್ ಮಾಡ್ದೆ ನೀನು ಅವರಿಗೆ?"

"ಏನಿಲ್ಲ. ಎಲ್ಲರಿಗೂ ಮಾಡೋದೇ" ಎಂದಳು ಜಿಪಾರ್. ಇನ್ನು ಇದನ್ನು ಯಾರಿಗೂ ಹೇಳುವಂತಿಲ್ಲ ಎಂದು ಆಗ ಹೊಳೆಯಿತು. ಹೇಳಿದರೆ ಮಗಳಿಗೆ ಸಿಕ್ಕಿರುವ ಆ ಒಂದು ಪದವನ್ನು ಕಿತ್ತುಕೊಂಡಂತೆ.

ಚಹಾ ಬರುವ ಮುಂಚೆ ಪರದೆಯ ಆಚೆಯಿಂದ ಮಾನಿಟರ್ ಚೀರತೊಡಗಿತು. ಮತ್ತೆ ಬಂದಿತ್ತು. ಈ ಔಷಧದ ಗುಣವೇ ಹಾಗೆ, ತಡೆದು ಕ್ಷಣದಲ್ಲಿ ಕರಗಿಹೋಗುತ್ತದೆ, ಅಡ್ಡದಾರಿ ಅಲ್ಲೇ ಇರುತ್ತದೆ. ಆದರೆ ಈ ಸಲ ಬುರ್ಮಾಕಾನ್‌ಳ ಕೈ ತಣ್ಣಗೆ ಜಿಗುಟಾಗಿತ್ತು. ಬಿಪಿ ಎಂಬತ್ತೈದಕ್ಕೆ ಇಳಿದಿತ್ತು. ನಿಧಾನವಾಗಿ ಇಳಿಸುವ ಔಷಧಕ್ಕೆ ಇನ್ನು ದಾರಿಯಿಲ್ಲ, ಅದು ಇರುವ ಬಿಪಿಯನ್ನೂ ತೆಗೆಯುತ್ತದೆ. ಜಿಪಾರ್ ಷಾಕ್ ಯಂತ್ರವನ್ನು ಎಳೆದು ತಂದಳು, ಎದೆಗೆ ಪಟ್ಟಿಗಳನ್ನು ಅಂಟಿಸಿದಳು, ಎಚ್ಚರವಿದ್ದವರಿಗೆ ಮಂಪರು ಬರಿಸದೆ ಷಾಕ್ ಕೊಡುವಂತಿಲ್ಲವೆಂದು ಅರಿವಳಿಕೆಯವನನ್ನು ಕರೆಸಲು ಹೇಳಿದಳು. ಅವನು ಹೆರಿಗೆಯ ಆಪರೇಷನ್ನಿನಲ್ಲಿದ್ದ, ಕೈ ಬಿಡಿಸಿಕೊಂಡು ಬರುತ್ತೇನೆ ಎಂದಿದ್ದ. ಅವನು ಬರುವವರೆಗೆ ಮೊದಲಿನ ಇಂಜೆಕ್ಷನ್ ಒಂದೇ ದಾರಿ. ಜಾಂಗಿಲ್ ಹೇಳಿಸಿಕೊಳ್ಳದೆಯೇ ಎರಡು ಸಿರಿಂಜು ತುಂಬಿದಳು.

ಬುರ್ಮಾಕಾನ್ ಸಿರಿಂಜುಗಳನ್ನು ನೋಡಿದಳು. ಎಚ್ಚರವಿತ್ತು. "ಅದಾ?" ಎಂದಳು. ಧ್ವನಿ ಬತ್ತಿಹೋಗಿತ್ತು. "ಅದು ಬೇಡ. ಅದರ ಬದಲು ಹೀಗೇ ಹೋಗ್ತೀನಿ."

ಜಿಪಾರ್ ಮಂಚದ ಪಕ್ಕ ಮೊಣಕಾಲೂರಿದಳು. ಬೀಗಿತ್ತಿಯ ಮುಖದ ಮಟ್ಟಕ್ಕೆ ತನ್ನ ಮುಖವನ್ನು ತಂದಳು. ಈ ಮುಖವನ್ನು ಇಷ್ಟು ಹತ್ತಿರದಿಂದ ನೋಡಿದ್ದಿಲ್ಲ: ಎಡಗಣ್ಣಿನ ಕೆಳಗೆ ಹಿಮದ ಬಿಸಿಲು ಸುಟ್ಟ ಹಳೆಯ ಕಲೆ, ತುಟಿಯ ಮೇಲೆ ಸಣ್ಣ ಕೂದಲು. ನೀರು ಹೊತ್ತ ಕತ್ತು.

"ಕೇಳಿ, ಬೀಗ್ತಿ. ಇದನ್ನ ತಳ್ಳಿದಾಗ ಕೆಲವು ಕ್ಷಣ ಸತ್ತೇಹೋದೆ ಅನ್ನಿಸುತ್ತೆ. ಎದೆ ಮೇಲೆ ಕಲ್ಲು ಹೇರಿದ ಹಾಗಾಗುತ್ತೆ. ಸಾಯಲ್ಲ. ವಾಪಸ್ ಬರ್ತೀರಿ. ನಾನಿಲ್ಲೇ ಇರ್ತೀನಿ."

ಬುರ್ಮಾಕಾನ್ ಅವಳನ್ನೇ ನೋಡಿದಳು. ಕತ್ತಿನಲ್ಲಿ ಗುಬ್ಬಿ ಹೊಡೆದುಕೊಳ್ಳುತ್ತಿತ್ತು. ಆಕೆ ಏನನ್ನೋ ಒಂದಕ್ಕೊಂದು ಜೋಡಿಸುತ್ತಿದ್ದಾಳೆಂದು ಜಿಪಾರ್‌ಗೆ ಕಾಣುತ್ತಿತ್ತು, ತಡೆಯುವ ಹಾಗಿರಲಿಲ್ಲ.

"ಆಗ್ಲೂ ಗೊತ್ತಿತ್ತು ನಿಮಗೆ."

ಈಗ ಹೇಳಬಹುದಾದ ಮಾತುಗಳೆಲ್ಲ ಒಟ್ಟಿಗೆ ಬಂದವು. ಹೇಳಿದ್ದೆ, ನಿಮಗೆ ಕೇಳಿಸಲಿಲ್ಲ. ಆತುರದಲ್ಲಿ ಬಿಟ್ಟುಹೋಯಿತು. ದಣಿದಿದ್ದೆ. ಹಿಂದೆ ಜಾಂಗಿಲ್ ಸಿರಿಂಜು ಹಿಡಿದು ನಿಂತಿದ್ದಳು. ಪರದೆಯಾಚೆ ತಿಲೆಕ್‌ನ ಬೂಟಿನ ಸದ್ದು ಅತ್ತಿಂದಿತ್ತ ಹೋಗುತ್ತಿತ್ತು.

"ಗೊತ್ತಿತ್ತು."

"ಎಲ್ಲರಿಗೂ ಹೇಳ್ತೀರಾ?"

"ಎಲ್ಲರಿಗೂ ಹೇಳ್ತೀನಿ."

ಬುರ್ಮಾಕಾನ್ ಕಣ್ಣು ಮುಚ್ಚಿದಳು. ಬಿಪಿ ಇನ್ನೂ ಇಳಿದಿತ್ತು. ಕೇಳದೆಯೇ ತಳ್ಳಿಬಿಡಬಹುದು, ತಳ್ಳಬೇಕು ಕೂಡ, ಜೀವ ಹೋಗುವಂತಿದ್ದಾಗ ಕಾನೂನು ಅದನ್ನೇ ಹೇಳುತ್ತದೆ. ಜಿಪಾರ್ ಕಾದಳು. ಈ ಕಾಯುವಿಕೆಗೆ ತನಗೆ ಯಾವ ಹಕ್ಕೂ ಇಲ್ಲ ಎಂದು ಗೊತ್ತಿದ್ದೂ ಒಂದು ಉಸಿರು, ಎರಡು ಉಸಿರು ಕಾದಳು.

"ತಳ್ಳಿ" ಎಂದಳು ಬುರ್ಮಾಕಾನ್. "ಈ ಸಲ ನೀವೇ ತಳ್ಳಿ. ಅವಳಲ್ಲ."

ಜಿಪಾರ್ ಸಿರಿಂಜು ತೆಗೆದುಕೊಂಡಳು. ಔಷಧ ಹೋಯಿತು, ಬೆನ್ನಿಗೇ ಸೆಲೈನ್ ಹೋಯಿತು, ತೋಳನ್ನು ಮೇಲೆತ್ತಿ ಹಿಡಿದಳು. ಬುರ್ಮಾಕಾನ್ ಈ ಸಲ ಏನೂ ಕೇಳಲಿಲ್ಲ. ಕಣ್ಣು ತೆರೆದು ಜಿಪಾರಳ ಕಣ್ಣನ್ನು ಹಿಡಿದುಕೊಂಡಳು, ಬಾವಿಗೆ ಇಳಿಯುವವರು ಹಗ್ಗ ಹಿಡಿದವರನ್ನು ನೋಡುವಂತೆ, ಇಳಿಯುತ್ತ ಇಳಿಯುತ್ತ ನೋಡಿದಳು. ಬೆನ್ನ ಹಿಂದೆ ಮಾನಿಟರ್‌ನ ಸದ್ದು ನಿಂತಿತು. ಜಿಪಾರ್ ತಿರುಗಿ ನೋಡಲಿಲ್ಲ. ಎಷ್ಟೋ ವರ್ಷಗಳಲ್ಲಿ ಮೊದಲ ಸಲ ಆ ಗೆರೆಯನ್ನು ನೋಡದೆ ಮುಖವನ್ನು ನೋಡಿದಳು. ಅಲ್ಲಿ ಭಯವಿತ್ತು, ಆದರೆ ಅದು ಒಂಟಿಯಾಗಿರಲಿಲ್ಲ. ಸದ್ದಿಲ್ಲದ ಹೊತ್ತು ಮೊದಲಿಗಿಂತ ಉದ್ದವಾಯಿತು. ಜಾಂಗಿಲ್‌ಳ ಕೈ ಷಾಕ್ ಯಂತ್ರದ ಗುಂಡಿಯ ಕಡೆ ಹೋಯಿತು.

"ನಾನು ರಾಜಿ" ಎಂದಳು ಜಿಪಾರ್. ಈ ಸಲ ಯಾರೂ ಅದನ್ನು ಬೇಡಿರಲಿಲ್ಲ. "ಮಗೂ ವಿಷಯಕ್ಕೂ ರಾಜಿ. ನೀವೂ ನನ್ನ ಮೇಲೆ ರಾಜಿಯಾಗಿ, ಬೀಗ್ತಿ."

ಹಿಂದೆ ಒಂದು ಸದ್ದು ಎದ್ದಿತು. ನಿಂತಿತು. ಮತ್ತೆ ಎದ್ದಿತು. ಆಮೇಲೆ ಒಂದರ ಹಿಂದೊಂದು, ಕೆಸರಿನ ಹಲಗೆಯ ಮೇಲೆ ಎಚ್ಚರದಿಂದ ನಡೆಯುವವರ ಹೆಜ್ಜೆಯಂತೆ. ಜಾಂಗಿಲ್ ಕೈ ಹಿಂದೆ ತೆಗೆದಳು. ಬಿಪಿ ಏರತೊಡಗಿತು. ಅರಿವಳಿಕೆಯವನು ಹಸಿರು ಟೋಪಿಯಲ್ಲೇ ಬಾಗಿಲಿಗೆ ಬಂದು, ಮಾನಿಟರ್ ನೋಡಿ, "ಹಂಗಾದ್ರೆ ನಂಗೇನ್ ಕೆಲ್ಸ" ಎಂದು ವಾಪಸು ಹೋದ. ಮತ್ತೆ ಬಾರದಂತೆ ಹಿಡಿದಿಡುವ ಮಾತ್ರೆ ಕೊಡಬೇಕು, ರಾತ್ರಿಯಿಡೀ ವಾರ್ಡಿನಲ್ಲಿ ಇರಿಸಿಕೊಳ್ಳಬೇಕು, ಆಮೇಲೆ ರಾಜಧಾನಿಗೆ ಕಳಿಸಿ ಆ ಅಡ್ಡದಾರಿಯನ್ನು ಸುಡಿಸಬೇಕು. ಜಿಪಾರ್ ಇದನ್ನೆಲ್ಲ ಒಂದೊಂದಾಗಿ ಹೇಳಿದಳು. ಜಾಂಗಿಲ್ ವಾರ್ಡಿನಲ್ಲಿ ಹಾಸಿಗೆ ಕೇಳಲು ಹೋದಳು.

ಇಬ್ಬರೇ ಉಳಿದರು. ಬುರ್ಮಾಕಾನ್ ತಲೆಯ ವಸ್ತ್ರವನ್ನು ಸರಿಮಾಡಿಕೊಳ್ಳಲು ನೋಡಿದಳು. ಸೂಜಿ ಇದ್ದ ಕೈ ಮೇಲೇರಲಿಲ್ಲ. ಜಿಪಾರ್ ಅದನ್ನು ಕಟ್ಟಿದಳು, ಬಿಳಿ ಬುಡ ಮುಚ್ಚುವಂತೆ.

"ನೀವು ಅಂದಿದ್ದು ಕೇಳಿಸ್ತು" ಎಂದಳು ಬುರ್ಮಾಕಾನ್, ಮೇಲ್ಛಾವಣಿ ನೋಡುತ್ತ.

ಜಿಪಾರ್ ವಸ್ತ್ರದ ಅಂಚನ್ನು ಆಕೆಯ ಕಿವಿಯ ಹಿಂದೆ ಸಿಕ್ಕಿಸಿದಳು.

"ನೀವು ರಾಜಿ ಅಂದ್ರಿ. ಅದನ್ನ ತಗೊಂಡೆ. ನೀವು ಕೇಳಿದ್ರಲ್ಲ..." ಉಸಿರು ತೆಗೆದುಕೊಳ್ಳಲು ನಿಂತಳು. "ಅದು ಸಾಯೋರು ಕೇಳೋ ಮಾತು. ಹುಷಾರಾಗಿರೋರು ಕೇಳಿದ ತಕ್ಷಣ ಕೊಡೋಕಾಗಲ್ಲ, ಬೀಗ್ತಿ. ನಿಮಗಿನ್ನೂ ಬೇಕಾದಷ್ಟು ಆಯುಸ್ಸಿದೆ."

ಆ ಮಾತಿನಲ್ಲಿ ಬೀಗರೂಟದ ದಿನದ ಚುಚ್ಚು ಇತ್ತೋ ಇಲ್ಲವೋ, ಜಿಪಾರ್‌ಗೆ ತಿಳಿಯಲಿಲ್ಲ. ಹೊರಗೆ ತಿಲೆಕ್ ಮತ್ತೆ ಫೋನಿನಲ್ಲಿ, ಅಮ್ಮ ಸಾವಿನ ಬಾಯಿಂದ, ಎಂದು ಇನ್ಯಾರಿಗೋ ಹೇಳುತ್ತಿದ್ದ. ಬುರ್ಮಾಕಾನ್ ಅದನ್ನು ಕೇಳಿಸಿಕೊಂಡಳು, ಒಮ್ಮೆ ಜಿಪಾರಳ ಕಡೆ ನೋಡಿದಳು, ಏನೂ ತಿದ್ದಲಿಲ್ಲ. ತಿದ್ದುವುದಿಲ್ಲ ಎಂದು ಆ ನೋಟದಿಂದ ಗೊತ್ತಾಯಿತು. ಮನೆಗೆ ಹೋದ ಮೇಲೂ ಮಗಳೇ ಎಂಬ ಆ ಪದವನ್ನು ಬೆಗಾಯಿಮ್‌ಳಿಂದ ಯಾರೂ ಹಿಂದಕ್ಕೆ ಕೇಳುವುದಿಲ್ಲ. ಉಳಿದದ್ದು ಇವರಿಬ್ಬರ ನಡುವಿನದು.

ಜಿಪಾರ್ ಮಂಚದ ಪಕ್ಕದ ಸ್ಟೂಲಿನ ಮೇಲೆ ಕೂತಳು. ಬೆಳಗಿನಿಂದ ಕೂತಿರಲಿಲ್ಲ. ಮಾನಿಟರ್‌ನಲ್ಲಿ ಎಲ್ಲ ಕಾಣುತ್ತಿತ್ತು, ನಾಡಿ ಹಿಡಿಯುವ ಅಗತ್ಯವಿರಲಿಲ್ಲ. ಹಿಡಿದಳು. ನಿಧಾನಕ್ಕೆ, ತುಂಬಿಕೊಂಡು ಬಡಿಯುತ್ತಿತ್ತು. ಬುರ್ಮಾಕಾನ್ ಕೈಯನ್ನು ಎಳೆದುಕೊಳ್ಳಲಿಲ್ಲ. ತಾನಾಗಿ ಹಿಡಿದುಕೊಳ್ಳಲೂ ಇಲ್ಲ.